ಮೆಂಬರ್ರನ್ನು ಕಾಯಿಸಿದ್ದು

ಹಲಸೂರಿನ ನಮ್ಮ ಬೀದಿಯಲ್ಲಿ ಅವರನ್ನು ಹೆಸರು ಹಿಡಿದು ಕರೆದವರನ್ನು ನಾನು ಕಂಡಿಲ್ಲ. ಎಲ್ಲರಿಗೂ ಅವರು ಮೆಂಬರ್ರು. ತಮಿಳು ಮಾತಾಡುವ ಮನೆಗಳಿಗೆ ಮೆಂಬರ್ ಐಯಾ, ಶಿವಾಜಿನಗರದಿಂದ ಬರುತ್ತಿದ್ದ ಹಳೇ ಪಾತ್ರೆ ವ್ಯಾಪಾರಿಗೆ ಮೆಂಬರ್ ಸಾಬ್. ಯಾವುದರ ಮೆಂಬರು ಎಂದು ತಿಳಿಯಲು ನನಗೆ ಆರು ತಿಂಗಳು ಹಿಡಿಯಿತು. ಯಾವುದೋ ದೇವಸ್ಥಾನದ ಕಮಿಟಿಯದಿರಬೇಕು ಎಂದುಕೊಂಡಿದ್ದೆ. ಕೊನೆಗೆ ಕೇಳಿಯೇಬಿಟ್ಟಾಗ ಅವರ ಹೆಂಡತಿ ನಕ್ಕರು.

“ಬ್ರಿಟಿಷರ ಕಾಲದ್ದು ಕಣೇ. ಆ ಮುನಿಸಿಪಾಲಿಟಿನೂ ಇಲ್ಲ, ಆ ವಾರ್ಡೂ ಇಲ್ಲ. ಇವರೊಬ್ರು ಮಾತ್ರ ಉಳ್ಕೊಂಡಿದಾರೆ.”

ಹಲಸೂರು ಸೇರಿದ್ದ ದಂಡು, ಅಂದರೆ ಕಂಟೋನ್ಮೆಂಟು, ಇಂಗ್ಲಿಷರ ಕೈಯಲ್ಲಿದ್ದಾಗ ಅದರ ಆಡಳಿತವೇ ಬೇರೆ, ಪೇಟೆಯದೇ ಬೇರೆ. ದಂಡಿನ ಸಭೆಗೆ ಊರಿನವರೂ ಕೆಲವರನ್ನು ಆರಿಸಿ ಕಳಿಸುತ್ತಿದ್ದರು. ತೆರಿಗೆ ಕಟ್ಟುವವರಿಗೆ ಮಾತ್ರ ಓಟು. ಇವರು ಮೂವತ್ತು ತುಂಬಿದ ಹೊಸತರಲ್ಲೇ ಅಲ್ಲಿಗೆ ಹೋಗಿದ್ದರು. ಸ್ವಾತಂತ್ರ್ಯ ಬಂದು ಎರಡೂ ಒಂದಾದ ಮೇಲೆ ಮತ್ತೆಂದೂ ನಿಲ್ಲಲಿಲ್ಲ. ನಾನು ಕಾಣುವ ಹೊತ್ತಿಗೆ ಅವರಿಗೆ ಎಂಬತ್ತರ ಹತ್ತಿರ. ಬಾಯಲ್ಲಿ ಹಲ್ಲಿರಲಿಲ್ಲ, ಬೆನ್ನು ಮಾತ್ರ ನೆಟ್ಟಗಿತ್ತು.

ಈಚೆಗೆ ನಮ್ಮ ಬೀದಿಯ ಸಂಘದವರು ಒಂದು ನೆನಪಿನ ಪುಸ್ತಕ ತರುತ್ತಿದ್ದೇವೆ, ಮೆಂಬರ್ರು ಗಲ್ಲಿಗಳಿಗೆ ನಲ್ಲಿ ತಂದ ವಿಷಯ ಒಂದು ಪುಟ ಬರೆದುಕೊಡಿ ಎಂದರು. ಅವರನ್ನು ಹತ್ತಿರದಿಂದ ಕಂಡವರಲ್ಲಿ ಉಳಿದಿರುವವಳು ನಾನೊಬ್ಬಳೇ ಅಂತೆ. ನಲ್ಲಿಯ ಜೊತೆಗೆ ಉಳಿದದ್ದನ್ನೂ ಬರೆಯುತ್ತಿದ್ದೇನೆ. ಬೇಡವಾದರೆ ಅವರು ಹೊಡೆದುಹಾಕಲಿ.

ಆಗ ನಾನು ಮನೆ ತೋರಿಸುವ ಕೆಲಸ ಶುರುಮಾಡಿ ಎರಡು ವರ್ಷವಾಗಿತ್ತು. ಗಂಡ ದುಡಿಯುತ್ತಿದ್ದ ಕಾರ್ಖಾನೆ ಮುಚ್ಚಿತ್ತು. ನನ್ನ ಬಂಡವಾಳವೆಂದರೆ ಒಂದು ಕೀಲಿಗೊಂಚಲು, ಚಪ್ಪಲಿ ಸವೆಯುವಷ್ಟು ನಡಿಗೆ. ಬ್ರೋಕರಮ್ಮ ಎಂದು ಬೆನ್ನ ಹಿಂದೆ ನಗುತ್ತಿದ್ದ ಜನವೇ ಎದುರಿಗೆ ಬಂದು ಮನೆ ಕೇಳುತ್ತಿದ್ದರು. ಇವತ್ತು ಇಂದಿರಾನಗರದಲ್ಲಿ ನನ್ನದೇ ಆಫೀಸಿದೆ. ಆದರೂ ಆಗ ಕಲಿತದ್ದೇ ಈಗಲೂ ನಡೆಯುತ್ತಿದೆ: ನಿಮ್ಮ ಬೆಲೆಯನ್ನು ನೀವು ಮೊದಲು ಹೇಳಬೇಡಿ, ಅವಸರ ತೋರಿಸಬೇಡಿ, ಎದುರಿನವರು ಎದ್ದು ಬಾಗಿಲ ತನಕ ಹೋದರೂ ಕೂತೇ ಇರಿ, ಅವರೇ ತಿರುಗಿ ಬರುತ್ತಾರೆ. ಯಾರು ಕೇಳಿದರೂ ಇದನ್ನೇ ಹೇಳುತ್ತೇನೆ, ಕೇಳದವರಿಗೂ ಹೇಳುತ್ತೇನೆ. ಹೀಗೆ ಮಾಡಿ ಕೆಟ್ಟವರಿಲ್ಲ. ಮನೆ, ಸೈಟಿನ ವಿಷಯದಲ್ಲಿ.

ಮೆಂಬರ್ರ ಪರಿಚಯವಾದದ್ದು ಅವರ ಹಿತ್ತಲಿನ ಎರಡು ಕೋಣೆಯ ಮನೆಯಿಂದ. ಬಾಡಿಗೆಗೆ ಒಬ್ಬ ಒಳ್ಳೆಯ ಆಸಾಮಿಯನ್ನು ಹುಡುಕಿ ಕರೆದುಕೊಂಡು ಹೋಗಿದ್ದೆ. ಅವನಿಗೆ ಮನೆ ಹಿಡಿಸಿತ್ತು. ಅಷ್ಟರಲ್ಲಿ ಮೆಂಬರ್ರು ಬಂದು, “ಮಳೆಗಾಲದಲ್ಲಿ ಆ ಮೂಲೆ ಸೋರುತ್ತಪ್ಪ. ಬಚ್ಚಲ ನೀರೂ ಸರಿಯಾಗಿ ಹೋಗಲ್ಲ, ಕಡ್ಡೀಲಿ ಕುಕ್ಕಬೇಕು” ಎಂದರು. ನಾನು ಹಿಂದೆ ನಿಂತು ಕಣ್ಣು ಮಿಟುಕಿಸಿದೆ. ಅವರು ನನ್ನ ಕಡೆ ತಿರುಗಿ, “ನಿನ್ನ ಕಣ್ಣಿಗೇನಾಯ್ತಮ್ಮ? ತಣ್ಣೀರಲ್ಲಿ ತೊಳ್ಕೋ” ಎಂದರು.

ಅವನು ಹೋದ ಮೇಲೆ ನಾನು ಜಗಳಕ್ಕೇ ನಿಂತೆ. “ಮೆಂಬರ್ರೇ, ಹೀಗಾದ್ರೆ ನನ್ನ ಹೊಟ್ಟೆಪಾಡು ಹೇಗೆ?”

“ಸೋರೋದನ್ನ ಅವನು ಮಳೆಗಾಲದಲ್ಲಿ ನೋಡೇ ನೋಡ್ತಾನಲ್ಲಮ್ಮ. ಆಮೇಲೆ ದಿನಾ ನಾನು ಅವನ ಮುಖ ಹೇಗೆ ನೋಡ್ಲಿ?”

ಮಾರನೆಯ ದಿನ ಆ ಮನುಷ್ಯ ತಾನಾಗಿಯೇ ಬಂದು, ಸೋರುತ್ತೆ ಅಂತ ಹೇಳಿದ ಓನರನ್ನು ಇದೇ ಮೊದಲು ನೋಡಿದ್ದು ಎಂದು ಮುಂಗಡ ಕೊಟ್ಟುಹೋದ. ಇವರ ಅದೃಷ್ಟ ಎಂದುಕೊಂಡು ನಾನು ಮುಂದಿನ ಮನೆಗೆ ನಡೆದೆ.

ಜನ ಇನ್ನೂ ಅವರ ಹತ್ತಿರ ಅರ್ಜಿ ಬರೆಸಲು ಬರುತ್ತಿದ್ದರು. ಜಾಗ ನೋಡದೆ ಅವರು ಒಂದಕ್ಷರ ಬರೆಯುತ್ತಿರಲಿಲ್ಲ. ಮೋರಿ ಕಟ್ಟಿಕೊಂಡಿದೆ ಎಂದರೆ ಕೊಡೆ ಹಿಡಿದು ಅಲ್ಲಿಗೇ ಹೋಗುವರು. ಆ ಕೊಡೆಯನ್ನೇ ಮೋರಿಗೆ ಇಳಿಸಿ ಆಳ ನೋಡುವರು. ಕೆಸರು ಎಲ್ಲಿಯ ತನಕ ಹತ್ತಿದೆಯೋ ಅಲ್ಲಿ ಹೆಬ್ಬೆರಳಿಟ್ಟುಕೊಂಡು, ಬೀದಿಯುದ್ದಕ್ಕೂ ಹಾಗೇ ನಡೆದು ಬಂದು, ಮನೆಯ ಅಳತೆಪಟ್ಟಿಗೆ ಹಿಡಿದು ಬರೆದುಕೊಳ್ಳುವರು. ಒಳಗಿಂದ ಅವರ ಹೆಂಡತಿ, “ಆ ದರಿದ್ರದ ಕೊಡೆ ಹೊಸ್ತಿಲು ದಾಟಿದ್ರೆ ನೋಡಿ!” ಎಂದು ಕೂಗುವರು.

ಅರ್ಜಿ ಕೊಡಲು ಹೋಗುವಾಗ ಮಾತ್ರ ಗುಂಡಿ ಮುಚ್ಚಿದ ಕೋಟು, ತಲೆಗೆ ಕರಿ ಟೋಪಿ. ಒಮ್ಮೆ ಅವರ ಜೊತೆ ಕಾರ್ಪೊರೇಷನ್ ಆಫೀಸಿಗೆ ನಾನೂ ಹೋಗಿದ್ದೆ. ಗುಮಾಸ್ತ ಕುರ್ಚಿ ಕೊಟ್ಟು ನಮ್ಮನ್ನು ಮರೆತೇಬಿಟ್ಟ. ಬಹಳ ಹೊತ್ತಿನ ಮೇಲೆ ನೆನಪಾಗಿ, “ತಾತ, ನೀವು ಯಾವ ಪಾರ್ಟಿ?” ಎಂದು ಕೇಳಿದ.

“ನಮ್ಮ ಕಾಲದಲ್ಲಿ ಎರಡೇ ಇದ್ದಿದ್ದಪ್ಪ. ನಲ್ಲಿ ಪಾರ್ಟಿ, ಬೀದಿ ದೀಪದ ಪಾರ್ಟಿ. ನಾನು ನಲ್ಲಿ ಪಾರ್ಟಿ.”

ಆಫೀಸಿನವರೆಲ್ಲ ನಕ್ಕರು. ಅರ್ಜಿಗೆ ಸೀಲು ಬಿತ್ತು. ಆ ಮೋರಿ ರಿಪೇರಿಯಾಯಿತೋ ಇಲ್ಲವೋ ನೆನಪಿಲ್ಲ.

ನಲ್ಲಿಯ ವಿಷಯ ಇಷ್ಟು. ಹಿಂದಿನ ಮೂರು ಗಲ್ಲಿಗೂ ಒಂದೇ ಬಾವಿಯಿತ್ತಂತೆ, ಬೇಸಿಗೆಯಲ್ಲಿ ಅದೂ ತಳ ಕಾಣುತ್ತಿತ್ತಂತೆ. ಹೆಂಗಸರು ಕೊಡ ಹೊತ್ತು ಬಂಗಲೆಗಳ ಹಿಂಬಾಗಿಲಲ್ಲಿ ನಿಲ್ಲಬೇಕಿತ್ತು, ಅಲ್ಲಿನ ಬಟ್ಲರುಗಳಿಂದ ಬೈಸಿಕೊಳ್ಳಬೇಕಿತ್ತು. ಮೆಂಬರ್ರು ಸಭೆಗೆ ಹೋದ ಎರಡನೆಯ ವರ್ಷ ಗಲ್ಲಿಗೊಂದು ನಲ್ಲಿ ಬಂತು. ಆ ಕಾಲದ ಮುದುಕಿಯರು ಇನ್ನೂ ಒಬ್ಬಿಬ್ಬರು ಇದ್ದರು. ಮೆಂಬರ್ರು ಎದುರಾದರೆ, “ನೀ ನಲ್ಲಾ ಇರುಕ್ಕಣಂ ಐಯಾ” ಎಂದು ಕೈಯೆತ್ತಿ ಹರಸುತ್ತಿದ್ದರು. ಅವರು ಮಾತ್ರ, “ಆಯ್ತಮ್ಮ ಆಯ್ತು, ಅದು ಬಿಡಿ” ಎಂದು ಆ ಬದಿಯಿಂದ ಈ ಬದಿಗೆ ದಾಟಿಬಿಡುತ್ತಿದ್ದರು. ದೊಡ್ಡ ಮನುಷ್ಯರ ಸಂಕೋಚ ಎಂದುಕೊಂಡಿದ್ದೆ.

ಆ ಸಮಯದಲ್ಲಿ ನಾನು ಗರುಡಾಚಾರ್‌ಪಾಳ್ಯದ ಕಡೆ ಓಡಾಡತೊಡಗಿದ್ದೆ. ಈಗ ಅಲ್ಲಿ ಗಾಜಿನ ಕಟ್ಟಡಗಳು ಒಂದಕ್ಕೊಂದು ಮುಖ ನೋಡಿಕೊಂಡು ನಿಂತಿವೆ. ಆಗ ರಾಗಿ ಹೊಲ, ಅಲ್ಲೊಂದು ಇಲ್ಲೊಂದು ಕಾರ್ಖಾನೆಯ ಶೆಡ್ಡು. ಬಸ್ಸು ಬಂದರೆ ಬಂತು. ರಸ್ತೆ ಪಕ್ಕದ ಒಂದು ತುಂಡು ಜಾಗವನ್ನು ಸಿ.ವಿ. ರಾಮನ್ ನಗರದ ಒಬ್ಬ ನಿವೃತ್ತ ನೌಕರರಿಗೆ ಕೊಡಿಸುವ ಮಾತು ನಡೆದಿತ್ತು. ಮಾರುವವರ ಮನೆಯಲ್ಲಿ ವ್ಯವಹಾರವೆಲ್ಲ ಹಿರಿಮಗನದು. ಅವನ ಅಪ್ಪ ಮುನಿಯಪ್ಪ, ಎಂಬತ್ತರ ಮುದುಕರು, ಕೊಟ್ಟಿಗೆಯ ಮುಂದೆ ಕೂತು ಕರುವಿನ ಕತ್ತು ತುರಿಸುತ್ತಿದ್ದರು. ನಾನು ಹಲಸೂರಿನವಳು ಎಂದು ಕಿವಿಗೆ ಬಿದ್ದದ್ದೇ ತಲೆಯೆತ್ತಿದರು.

“ಹಲಸೂರಾ? ಅಲ್ಲಿ ಮೆಂಬರ್ ಅಂತ ಒಬ್ಬ ಇದ್ದ. ಇನ್ನಾ ಅವ್ನಾ?”

“ಇದಾರೆ. ನಮ್ಮ ಬೀದಿನೇ.”

“ಹಲ್ಲು ಅವೆಯಾ ಅವ್ನಿಗೆ?”

“ಒಂದೂ ಇಲ್ಲ.”

“ನಂಗೂ ಇಲ್ಲ” ಎಂದು ಮತ್ತೆ ಕರುವಿನ ಕಡೆ ತಿರುಗಿದರು.

ಇದನ್ನು ತಮಾಷೆಗೆಂದು ಮೆಂಬರ್ರಿಗೆ ಹೇಳಿದೆ. ಜಗಲಿಯ ಮೇಲೆ ಕೂತಿದ್ದವರು ಎದ್ದು ನಿಂತುಬಿಟ್ಟರು. “ಏನಂದ? ಅವನು ಅಂದ ಹಾಗೇ ಹೇಳು.” ಹೇಳಿದೆ. ಇನ್ನೊಂದು ಸಲ ಹೇಳಿಸಿದರು. “ಹಲ್ಲು ಕೇಳಿದ್ನಾ!” ಎಂದು ನಕ್ಕರು, ನಗುತ್ತಲೇ ಟವೆಲಿನಿಂದ ಕಣ್ಣು ಒರೆಸಿಕೊಂಡರು. “ನನ್ನ ಮುಂದಿನ ಹಲ್ಲು ಮುರಿದೋನು ಅವನೇ ಕಣಮ್ಮ. ಗೋಲಿ ಆಡ್ತಾ.”

ಆ ದಿನವೇ ಅವರು ನನಗೆ ನಲ್ಲಿಯ ಇನ್ನೊಂದು ಮುಖ ತೋರಿಸಿದ್ದು.

ಮುನಿಯಪ್ಪನೂ ಇವರೂ ಇಸ್ಕೂಲಿನಲ್ಲಿ ಒಂದೇ ಮಣೆಯ ಮೇಲೆ ಕೂತವರು. ಮೂರನೇ ಕ್ಲಾಸಿಗೆ ಮುನಿಯಪ್ಪ ಬಿಟ್ಟು ಅಪ್ಪನ ಹಸುಗಳ ಹಿಂದೆ ಹೋದರು. ಆಗ ಹಲಸೂರಿನಲ್ಲೇ ಒಂದು ಗಲ್ಲಿಯ ತುಂಬ ಹಾಲಿನವರ ಕೊಟ್ಟಿಗೆಗಳು. ಇವರು ಎಲೆಕ್ಷನ್ನಿಗೆ ನಿಂತಾಗ ಓಟು ಕೇಳಿದವರು ಮುನಿಯಪ್ಪನೇ. ಬೆಳಿಗ್ಗೆ ಹಾಲು ಹಾಕುವಾಗ ಪಾವು ಎತ್ತಿ ಹಿಡಿದು, “ಓಟು ಯಾರಿಗೆ?” ಎನ್ನುವರಂತೆ. ಸರಿಯಾದ ಹೆಸರು ಬಂದರೆ ಅಳತೆಯ ಮೇಲೆ ಇನ್ನಷ್ಟು ಕೊಸರು. ತಪ್ಪು ಹೆಸರು ಹೇಳಿದ ಮನೆಯಲ್ಲಿ ಅವತ್ತಿನ ಹಾಲು ಸ್ವಲ್ಪ ತೆಳ್ಳಗಿರುತ್ತಿತ್ತಂತೆ.

ಸಭೆಯಲ್ಲಿ ಬಂಗಲೆಯವರ ಕಡೆಯ ಮೆಂಬರುಗಳು ಕೊಟ್ಟಿಗೆಗಳನ್ನು ಊರಾಚೆ ಕಳಿಸಬೇಕು, ನೊಣ, ವಾಸನೆ ಎನ್ನುತ್ತಿದ್ದರು. ಇವರು ಎರಡು ಸಲ ಅದನ್ನು ತಡೆದರು. ಇವರ ನಲ್ಲಿಯ ಅರ್ಜಿಯನ್ನು ಅವರು ಅಷ್ಟೇ ಸಲ ಬದಿಗಿಟ್ಟರು. ಮೂರನೆಯ ಸಲ ಸಭೆಗೆ ಮುಂಚೆ ಚಹಾ ಕುಡಿಯುವಾಗ ಒಬ್ಬರು ಬಂದು, ನೀವು ಇದಕ್ಕೆ ಕೈ ಎತ್ತಿ, ನಾವು ಅದಕ್ಕೆ ಎತ್ತುತ್ತೇವೆ ಎಂದರು. ಇವರು ಎತ್ತಿದರು.

“ಯೋಚನೆ ತಪ್ಪಾಗಿರಲಿಲ್ಲ ಕಣಮ್ಮ. ಒಂದು ಗಲ್ಲಿಯ ಕೊಟ್ಟಿಗೆ ಒಂದ್ಕಡೆ, ಮೂರು ಗಲ್ಲಿಯ ನೀರು ಒಂದ್ಕಡೆ. ಇವತ್ತು ಕೇಳಿದ್ರೂ ಅದೇ ಹೇಳ್ತೀನಿ. ನಾನು ಕೆಟ್ಟಿದ್ದು ಸಭೆ ಮುಗಿದ ಮೇಲೆ. ಬರೋ ದಾರೀಲೇ ಅವನ ಕೊಟ್ಟಿಗೆ. ಒಳಗೆ ಹೋಗಿ, ಹಿಂಗ್ ಮಾಡಿದೀನಿ ಕಣೋ ಅನ್ಬೋದಿತ್ತು. ಪಕ್ಕದ ಗಲ್ಲೀಲಿ ಸುತ್ಕೊಂಡು ಮನೆಗೆ ಬಂದ್ಬಿಟ್ಟೆ.”

ವಿಷಯ ಮುನಿಯಪ್ಪನಿಗೆ ತಿಳಿದದ್ದು ಪೇದೆ ನೋಟೀಸು ತಂದಾಗ. ಹಸುಗಳನ್ನು ಹೊಡೆದುಕೊಂಡು ಪೂರ್ವದ ಕಡೆ ಹೊರಡುವ ದಿನ ಬೆಳಿಗ್ಗೆಯೂ ಇವರ ಮನೆಗೆ ಬಂದರು. ಎಂದಿನಂತೆ ಹಾಲು ಅಳೆದರು, ಎಂದಿನಂತೆ ಕೊಸರು ಹಾಕಿದರು, ತಲೆಯೆತ್ತದೆ ಹೋದರು. ಅಲ್ಲಿಂದ ನಲವತ್ತು ಚಿಲ್ಲರೆ ವರ್ಷ ಮಾತಿಲ್ಲ.

ನನಗೆ ಸುಮ್ಮನಿರಲು ಬರುವುದಿಲ್ಲ. “ಅಲ್ಲ ಮೆಂಬರ್ರೇ, ಅವರಿಗೇನು ನಷ್ಟ ಆಯ್ತು? ಆ ಕಡೆ ಹೋಗಿದ್ದಕ್ಕೇ ಇವತ್ತು ಅಷ್ಟು ಜಮೀನಿದೆ. ಲೆಕ್ಕದಲ್ಲಿ ನಿಮಗೇ ಹಾರ ಹಾಕ್ಬೇಕು.”

“ಆ ಮಾತು ಅವನು ಹೇಳಿದ್ರೆ ಕೇಳ್ತೀನಿ. ನೀನು ಹೇಳ್ಬೇಡ” ಎಂದರು. ಅವರ ದನಿ ಗಡುಸಾದದ್ದನ್ನು ನಾನು ಕೇಳಿದ್ದು ಅದೊಂದೇ ಸಲ. ಮರುಕ್ಷಣವೇ, “ನಾಳೆ ಹೋಗೋಣ. ಯಾವ ಬಸ್ಸು ಹೋಗುತ್ತೆ?” ಎಂದರು.

ಇಲ್ಲಿ ನಾನು ಬಾಯಿ ಹಾಕಿದೆ.

“ಈಗ್ಲೇ ಬೇಡಿ. ಅವರಾಗೇ ನಿಮ್ಮ ಹೆಸರು ಎತ್ತಿದಾರೆ ಅಂದ್ರೆ ಕರಗ್ತಾ ಇದಾರೆ. ಹೆಸರು ಎತ್ತಿದ ಮಾರನೇ ದಿನವೇ ನೀವು ಓಡಿಹೋದ್ರೆ ಹಗುರ ಆಗ್ತೀರಿ. ಮಕ್ಕಳು ಮೊಮ್ಮಕ್ಕಳ ಎದುರಿಗೆ ಏನಾದ್ರೂ ಅಂದ್ಬಿಟ್ರೆ? ಸ್ವಲ್ಪ ದಿನ ತಡೀರಿ. ನಾನು ಹೋಗ್ತಾ ಬರ್ತಾ ಇರ್ತೀನಲ್ಲ, ಅವರೇ ಕರೆಯೋ ಹಾಗೆ ಮಾಡ್ತೀನಿ.”

ಒಳಗಿಂದ ಅವರ ಹೆಂಡತಿ, “ಹೋಗೋರು ಹೋಗ್ಲಿ ಬಿಡೇ. ಬೈದ್ರೆ ಬೈಸ್ಕೊಂಡು ಬರ್ತಾರೆ” ಎಂದರು.

ಮೆಂಬರ್ರು ಒಳಗೊಮ್ಮೆ ನೋಡಿದರು, ನನ್ನನ್ನೊಮ್ಮೆ ನೋಡಿದರು. “ಇಲ್ಲ ಕಣೇ. ಇವಳಿಗೆ ಮನುಷ್ಯರ ವ್ಯವಹಾರ ಗೊತ್ತು. ನನಗೆ ಮೋರಿ ಗೊತ್ತು ಅಷ್ಟೆ” ಎಂದು ಮತ್ತೆ ಕೂತರು.

ನಾನು ಹೇಳಿದ್ದು ಅರ್ಧ ನಿಜ. ಇನ್ನರ್ಧ ಹೇಳಲಿಲ್ಲ. ಆ ಜಾಗದ ಮಾತು ಅರ್ಧಕ್ಕೆ ಬಂದಿತ್ತು, ಆ ತನಕ ನಾನು ಕೈಹಾಕಿದ್ದರಲ್ಲಿ ಅದೇ ದೊಡ್ಡದು. ಮಧ್ಯದಲ್ಲಿ ನಲವತ್ತು ವರ್ಷದ ಹಳೇ ಜಗಳ ಎದ್ದು, ನಿಮ್ಮ ಹಲಸೂರಿನವರ ಸಹವಾಸವೇ ಬೇಡ ಎಂದು ಆ ಮಗ ಅಂದುಬಿಟ್ಟರೆ ಎಂಬ ಹೆದರಿಕೆ. ಕಾಗದ ಆಗಿಬಿಡಲಿ, ಆಮೇಲೆ ಇಬ್ಬರು ಮುದುಕರೂ ಎಷ್ಟು ಬೇಕಾದರೂ ತಬ್ಬಿಕೊಳ್ಳಲಿ ಎಂದುಕೊಂಡೆ. ಹದಿನೈದು ದಿನದ ಮಾತು ತಾನೇ?

ಸರ್ವೆಯವರು ಬರಲಿಲ್ಲ. ಆಮೇಲೆ ಕಿರಿಮಗ ಸಹಿಗೆ ತಕರಾರು ತೆಗೆದ. ಒಂದು ತಿಂಗಳಾಯಿತು, ಎರಡಾಯಿತು. ಮೆಂಬರ್ರು ಕೋಟು ಇಸ್ತ್ರಿ ಮಾಡಿಸಿ ಗೂಟಕ್ಕೆ ಹಾಕಿಕೊಂಡಿದ್ದರು. ನಾನು ಬೀದಿಯಲ್ಲಿ ಹಾದರೆ ಸಾಕು, “ಏನಾದ್ರೂ ಅಂದ್ನಾ?” ಎಂದು ಕೇಳುವರು. ಆ ಕಡೆ ರಸ್ತೆ ಹೇಗಿದೆ, ಬಸ್ಸಿಳಿದು ಎಷ್ಟು ದೂರ, ಎಷ್ಟು ಹಸು ಇಟ್ಟಿದಾನೆ ಎಂದೆಲ್ಲ ವಿಚಾರಿಸುವರು. ಅವರು ಕಾಫಿಗೆ ಹಾಲು ಹಾಕಿಕೊಳ್ಳದಿರುವುದು ನೆನಪಾಗಿ, ಅದೂ ಮುನಿಯಪ್ಪನ ಕಾರಣಕ್ಕೇ ಇರಬೇಕು ಎಂದು ಅವರ ಹೆಂಡತಿಯ ಹತ್ತಿರ ಗುಟ್ಟಾಗಿ ಕೇಳಿದೆ. “ಅಯ್ಯೋ, ನಿನ್ನ ತಲೆ! ಹಾಲು ಬಿದ್ರೆ ಅವರಿಗೆ ಹೊಟ್ಟೆ ಉಬ್ಬರ” ಎಂದರು.

ನಡುವೆ ಒಮ್ಮೆ ಮುನಿಯಪ್ಪನ ಹತ್ತಿರ ಮಾತು ತೆಗೆದದ್ದು ನಿಜ. “ಮೆಂಬರ್ರು ನಿಮ್ಮನ್ನ ಕೇಳ್ತಾ ಇದ್ರು” ಎಂದೆ.

“ಕೇಳೋದೇನು? ಬರಬಾರ್ದಾ? ಅವ್ನನ್ನ ಬೇಡ ಅಂದೋರು ಯಾರು?”

ಬೇಡ ಅಂದವಳು ನಾನೇ. ಅದನ್ನು ಹೇಳದೆ ನಕ್ಕೆ. ಇದಕ್ಕಿಂತ ನೇರವಾದ ಕರೆ ಬೇಕಿರಲಿಲ್ಲ, ನಾನು ದಡ್ಡಿಯೂ ಅಲ್ಲ. ಆದರೆ ಆ ವಾರವೇ ಕಿರಿಮಗ ಸಹಿ ಹಾಕುತ್ತೇನೆ ಎಂದಿದ್ದ. ಮನೆಗೆ ಬಂದು ಮೆಂಬರ್ರಿಗೆ, “ಇನ್ನೂ ಸ್ವಲ್ಪ ಬಿಗಿಯಾಗಿದಾರೆ, ಸಡಿಲ ಆಗ್ತಾರೆ ಬಿಡಿ” ಎಂದೆ. ಅವನು ಅಂದ ಹಾಗೇ ಹೇಳು ಎಂದರು. ಸರಿಯಾಗಿ ನೆನಪಿಲ್ಲ ಎಂದೆ.

ಮೂರನೆಯ ತಿಂಗಳಲ್ಲಿ ಅವರಿಗೆ ಜ್ವರ ಬಂತು, ಎದೆ ಕಟ್ಟಿತು. ಆಸ್ಪತ್ರೆಗೆ ಸೇರಿಸಿದರು. ನೋಡಲು ಹೋದಾಗ ನನ್ನನ್ನು ಹತ್ತಿರ ಕರೆದು, “ಬಿಗಿ ಬಿಟ್ನಾ?” ಎಂದರು.

“ಮುಂದಿನ ವಾರ ಅವರನ್ನೇ ಇಲ್ಲಿಗೆ ಕರ್ಕೊಂಡು ಬರ್ತೀನಿ ಮೆಂಬರ್ರೇ” ಎಂದೆ.

ನನ್ನ ಕೈ ತಟ್ಟಿದರು. “ಅವಸರ ತೋರಿಸ್ಬೇಡಮ್ಮ. ನೀನೇ ಹೇಳಿದೀಯಲ್ಲ.”

ಮರುದಿನ ಮಧ್ಯಾಹ್ನ ಹೋಗಿಬಿಟ್ಟರು.

ಆ ಜಾಗದ ಕಾಗದ ಆಮೇಲೆ ಸಲೀಸಾಗಿ ಆಯಿತು. ಮೆಂಬರ್ರು ಹೋಗಿಬಂದಿದ್ದರೂ ಆಗುತ್ತಿತ್ತು ಎಂದು ಈಗ ನನಗೆ ಗೊತ್ತಿದೆ. ಸಲಹೆ ಕೊಡುವುದು ನನ್ನ ಚಾಳಿ, ಇದನ್ನು ಓದುವವರಿಗೂ ಒಂದು ಕೊಡುತ್ತೇನೆ. ಇಂಥವರ ಹತ್ತಿರ ಹೋಗಿ ತಪ್ಪಾಯಿತು ಅನ್ನಬೇಕು, ಹೇಗೆ ಹೋಗಲಿ ಎಂದು ಯಾರಾದರೂ ನಿಮ್ಮನ್ನು ಕೇಳಿದರೆ, ಬಸ್ಸಿನ ನಂಬರು ಹೇಳಿ. ಅದರ ಮೇಲೆ ಇನ್ನೊಂದು ಮಾತು ಹೇಳಬೇಡಿ.

ಮೆಂಬರ್ರು ಹೋದ ಮೂರನೆಯ ದಿನ ನಾನೇ ಗರುಡಾಚಾರ್‌ಪಾಳ್ಯಕ್ಕೆ ಹೋದೆ. ಮುನಿಯಪ್ಪ ರಸ್ತೆಯ ಅಂಚಿಗೇ ಮಂಚ ಹಾಕಿಸಿಕೊಂಡು ಕೂತಿದ್ದರು. ಹಿರಿಮಗ ನೀರು ತಂದುಕೊಟ್ಟು, “ನೋಡಿ ಮೇಡಂ, ನೀವಾದ್ರೂ ಹೇಳಿ. ಎರಡು ತಿಂಗಳಾಯ್ತು, ಬಸ್ ನಿಲ್ಲೋದು ಕಾಣ್ಬೇಕು ಅಂತ ದಿನಾ ಇಲ್ಲೇ ಕೂರ್ತಾರೆ. ಧೂಳು ಕುಡೀತಾರೆ, ಒಳಗೆ ಬರಲ್ಲ” ಎಂದು ಗೊಣಗಿ ಹೋದ.

ಮುನಿಯಪ್ಪ ನನ್ನ ಹಿಂದೆ ಯಾರಾದರೂ ಇದ್ದಾರೆಯೇ ಎಂದು ನೋಡಿದರು. “ಒಬ್ಳೇ ಬಂದ್ಯಾ?”

ಹೇಳಿದೆ.

“ಬತ್ತೀನಿ ಅಂದಿದ್ನಾ?”

ಸುಳ್ಳು ಹೇಳಬಹುದಿತ್ತು. ನನಗೆ ಅದು ಕಷ್ಟದ ಕೆಲಸವೂ ಅಲ್ಲ. “ಅಂದಿದ್ರು. ನೀವು ಅವರ ಹಲ್ಲು ಕೇಳಿದ್ರಲ್ಲ, ಅದನ್ನ ಹೇಳಿದ ತಕ್ಷಣ, ನಾಳೆನೇ ಹೋಗೋಣ ಅಂದ್ರು. ನಾನೇ ಬೇಡ ಅಂದೆ. ನೀವು ಬಾ ಅಂದಿದ್ದನ್ನೂ ಅವರಿಗೆ ಹೇಳ್ಲಿಲ್ಲ.”

ಯಾಕೆ ಎಂದು ಅವರು ಕೇಳಲಿಲ್ಲ. ಬೈದರೆ ಬೈಸಿಕೊಂಡು ಬರಲು ತಯಾರಾಗಿ ಹೋಗಿದ್ದೆ.

“ತಪ್ಪಾಯ್ತು ಅಂತ ನಿಮಗೆ ಹೇಳ್ಬೇಕು ಅಂತಿದ್ರು” ಎಂದೆ.

“ಅದು ಗೊತ್ತಿತ್ತು ಬಿಡು ನಂಗೆ.” ಆಮೇಲೆ, “ನಾನೂ ಅವ್ನಿಗೆ ಒಂದು ಮಾತು ಹೇಳ್ಬೇಕಿತ್ತು” ಎಂದರು.

“ಹೇಳಿ. ಅವರ ಮನೆಯವರಿಗೆ ನಾನು ತಿಳಿಸ್ತೀನಿ.” ಅಭ್ಯಾಸಬಲದಿಂದ ಬಾಯಿಗೆ ಬಂದುಬಿಟ್ಟಿತು.

ಮುನಿಯಪ್ಪ ನನ್ನ ಮುಖ ನೋಡಿದರು. ಕೋಪವಿರಲಿಲ್ಲ.

“ಬೇಡಮ್ಮ. ನಿನ್ನ ಕೈಲಿ ಕಳಿಸಲ್ಲ.”

ಬಸ್ಸು ಬರುವ ತನಕ ಅದೇ ಮಂಚದ ತುದಿಯಲ್ಲಿ ಕೂತಿದ್ದೆ. ಬಸ್ಸು ಬಂದು ನಿಂತಾಗ ಇಳಿಯುವವರನ್ನು ಒಬ್ಬೊಬ್ಬರನ್ನಾಗಿ ನೋಡಿದರು. ಆಮೇಲೆ ಮಗನನ್ನು ಕೂಗಿ, ಮಂಚ ಒಳಗೆ ತಗೋ ಎಂದರು.